ಎರಡು ರೂಪಾಯಿಯ ಲೆಕ್ಕ

ಚಿಂತಾಮಣಿ

ಪ್ರೀತಿಯ ಪುಟ್ಟಿ,

ನಿನ್ನೆ ಫೋನಿನಲ್ಲಿ ನೀನು ಸಿನಿಮಾಕ್ಕಾಗಿ ತೋಟ ಅಡ ಇಡೋಣವಾ ಅಂತ ಕೇಳಿದೆ. ನಾನು ಸುಮ್ಮನಾದೆ. ಕೋಪ ಅಂದುಕೊಳ್ಳಬೇಡ. ಮಾತು ಕೂಡಿಬರಲಿಲ್ಲ, ಅದಕ್ಕೇ ಬರೆಯುತ್ತಿದ್ದೇನೆ.

ನೀನು ಮಾಡಲು ಹೊರಟಿರುವುದು ಬೋರ್ ಕೊರೆಸಿ ಜಮೀನು ಕಳಕೊಂಡವರ ಸಿನಿಮಾ. ಅದಕ್ಕಾಗಿ ಇನ್ನೊಂದು ಜಮೀನು ಅಡ ಇಡುವುದು ಬೇಡ ಮಗಳೇ.

ಪಟ್ಟಾಭಿರಾಮ ರೆಡ್ಡಿಯವರು ‘ಸಂಸ್ಕಾರ’ವನ್ನು ತಾವೇ ನಿರ್ಮಿಸಿ, ತಾವೇ ನಿರ್ದೇಶಿಸಿದರು. ಸೆನ್ಸಾರಿನವರು ಮೊದಲು ತಡೆದರು. ಆಮೇಲೆ ಅದೇ ಸಿನಿಮಾ 1970ರ ಅತ್ಯುತ್ತಮ ಚಿತ್ರದ ರಾಷ್ಟ್ರಪ್ರಶಸ್ತಿ, ಸ್ವರ್ಣ ಕಮಲ, ತಂತು. ಸರಿ, ಆದರೆ ತಡೆ ತೆಗೆಯುವ ತನಕ ಹಾಕಿದ ದುಡ್ಡು ಡಬ್ಬದಲ್ಲೇ ಕೂತಿರುತ್ತದೆ, ಅಲ್ವಾ? ಸಾಲದ ದುಡ್ಡಾದರೆ ಬಡ್ಡಿ ಕಾಯುವುದಿಲ್ಲ.

ನಾನು ಹಾಲಿನ ಸಂಘದ ಕಾರ್ಯದರ್ಶಿಯಾಗಿದ್ದಾಗ ತರಬೇತಿಯಲ್ಲಿ ‘ಮಂಥನ್’ ತೋರಿಸಿದ್ದರು. 1976ರಲ್ಲಿ ಶ್ಯಾಮ್ ಬೆನಗಲ್ ತೆಗೆದದ್ದು. ದನದ ಡಾಕ್ಟರಾಗಿ ನಮ್ಮ ಗಿರೀಶ ಕಾರ್ನಾಡರು. ಗುಜರಾತಿನ 5 ಲಕ್ಷ ಹಾಲು ಉತ್ಪಾದಕರು ತಲಾ 2 ರೂಪಾಯಿ ಹಾಕಿ ಮಾಡಿಸಿದ ಸಿನಿಮಾ ಅದು. ಒಟ್ಟು 10 ಲಕ್ಷ! 2 ರೂಪಾಯಿ ಹೋದರೆ ಯಾರ ಮನೆ ಒಲೆಯೂ ಆರುವುದಿಲ್ಲ. ಬಿಡುಗಡೆಯಾದಾಗ ರೈತರು ಲಾರಿ ಹತ್ತಿ ಬಂದು ನೋಡಿದರಂತೆ. ತಮ್ಮದೇ ಸಿನಿಮಾ ಅಲ್ವಾ! 2024ರಲ್ಲಿ ಕಾನ್ ಚಿತ್ರೋತ್ಸವದಲ್ಲೂ ಅದನ್ನು ಮತ್ತೆ ತೋರಿಸಿದರು. ನನಗಂತೂ ಆ ಲಾರಿಗಳೇ ಜಾಸ್ತಿ ನೆನಪಾಗುತ್ತವೆ.

ನೀನೂ ಹಾಗೆ ಕೇಳು. ಸ್ವಲ್ಪ ಸ್ವಲ್ಪ, ತುಂಬಾ ಜನರನ್ನು ಕೇಳು. ಆದರೆ ಲೆಕ್ಕ ಶುದ್ಧವಾಗಿರಲಿ. ಬಟವಾಡೆ ಒಂದು ವಾರ ತಡವಾದರೂ ಸಂಘದ ಬಾಗಿಲಲ್ಲಿ ಜನರ ಮುಖ ಹೇಗಾಗುತ್ತಿತ್ತು ಅಂತ ನಾನು ನೋಡಿದ್ದೇನೆ.

ಒಂದು ಮಾತು ನಿನಗೆ ಹೇಳಿರಲಿಲ್ಲ. ಕಳೆದ ಯುಗಾದಿಗೆ ಊರಲ್ಲಿ ಕಿರುಚಿತ್ರ ತೆಗೆದಿರಿ. ಬತ್ತಿದ ಬೋರಿನ ಹತ್ತಿರ ಮೂಲೆಮನೆ ತಾತನನ್ನು ಇಡೀ ಮಧ್ಯಾಹ್ನ ಬಿಸಿಲಲ್ಲಿ ನಿಲ್ಲಿಸಿದಿರಿ. ಊಟ ಹಾಕಿದಿರಿ, ನಿಜ. ಅವತ್ತಿನ ಕೂಲಿ ಮಾತ್ರ ಕೊಡಲಿಲ್ಲ. ತಾತ ಕೇಳಲಿಲ್ಲ. ನೀನು ಬೆಂಗಳೂರಿಗೆ ಹೋದ ಮೇಲೆ ನಾನೇ ಕೊಟ್ಟುಬಂದೆ. ಬೇಕೆಂದು ಮಾಡಿದ್ದಲ್ಲ, ಗೊತ್ತು. ಆದರೂ ಆ ರಾತ್ರಿ ನನಗೆ ನಿದ್ದೆ ಬರಲಿಲ್ಲ. ಬಡವರ ಕಷ್ಟ ತೋರಿಸುವ ಸಿನಿಮಾದಲ್ಲೇ ಬಡವರ ಕೂಲಿ ಬಾಕಿ ಉಳಿಯಬಾರದು ಪುಟ್ಟಿ. ಲೈಟ್ ಹಿಡಿಯುವ ಹುಡುಗರಿಗೂ ಅವತ್ತಿನ ದುಡ್ಡು ಅವತ್ತೇ ಸಂಜೆ ಸೇರಲಿ. ನಿರ್ಮಾಪಕಿ ಅಂದರೆ ನೀನೇ ತಾನೇ? ಬೇರೆ ಯಾರನ್ನು ಕೇಳುತ್ತಾರೆ?

ಸಿನಿಮಾ ಮುಗಿದ ಮೇಲೆ ಮೊದಲು ನಮ್ಮ ಶಾಲೆಯ ಅಂಗಳದಲ್ಲಿ ಪರದೆ ಕಟ್ಟಿ ತೋರಿಸು. ತಾತನಿಗೆ ಮುಂದೆ ಕುರ್ಚಿ ಹಾಕು.

ಪಹಣಿ ಬೀರುವಿನಲ್ಲೇ ಇರಲಿ. ನಿಮ್ಮಮ್ಮ ಹಾಲಿನ ದುಡ್ಡಿನಲ್ಲಿ ಉಳಿಸಿದ್ದನ್ನು ತೆಗೆದಿಟ್ಟಿದ್ದಾಳೆ. ಮೊದಲ ರಸೀದಿ ಅವಳ ಹೆಸರಿಗೆ ಬರಿ. ರಸೀದಿ ಪುಸ್ತಕಗಳನ್ನು ಇಲ್ಲೇ ಅಚ್ಚು ಹಾಕಿಸುತ್ತೇನೆ. ಎಷ್ಟು ಬೇಕು ಅಂತ ತಿಳಿಸು.

ನಿನ್ನ
ಅಪ್ಪ