ಚಾಂಗ್ ಲಾದಲ್ಲಿ ಸಿಕ್ಕ ಅಕ್ಕನಿಗೆ

ಅಕ್ಕ, ನಿಮ್ಮ ಹೆಸರು ಕೇಳಲೇ ಇಲ್ಲ. ಜಯನಗರ ಅಂದಿದ್ದಷ್ಟೇ ನೆನಪು. ಲಡಾಖ್ ಟೂರಿನ ಮೂರನೇ ದಿನ, ಪ್ಯಾಂಗಾಂಗ್ ಸರೋವರದ ದಾರಿ. 5,300 ಮೀಟರಿಗೂ ಎತ್ತರದ ಚಾಂಗ್ ಲಾದಲ್ಲಿ ಅಮ್ಮನಿಗೆ ತಲೆನೋವು, ವಾಂತಿ. ನಾವೋ ಸುಮಾರು 900 ಮೀಟರಿನ ಬೆಂಗಳೂರಿನವರು. ಗ್ಯಾಸ್ಟ್ರಿಕ್ ಅಂದುಕೊಂಡು ಸುಮ್ನೆ ಜೀರಿಗೆ ಹುಡುಕುತ್ತಿದ್ದೆ! ಪಕ್ಕದ ಗಾಡಿಯಿಂದ ಇಳಿದು ಬಂದ ನೀವು, "ಇಲ್ಲಿ ಆಕ್ಸಿಜನ್ ಕಮ್ಮಿ ಕಣಮ್ಮಾ. ಫೋಟೋ ಆಮೇಲೆ, ಮೊದಲು ಅಮ್ಮನ್ನ ಕೆಳಗೆ ಕರ್ಕೊಂಡು ಹೋಗು" ಅಂದಿರಿ. ನಿಮ್ಮದೇ ಆಕ್ಸಿಜನ್ ಕ್ಯಾನ್ ಕೊಟ್ಟಿರಿ. ಡ್ರೈವರ್‌ಗೆ ಹಿಂದಿಯಲ್ಲಿ ಗದರಿ ಗಾಡಿ ತಿರುಗಿಸಿದಿರಿ. ಸುಮಾರು 3,500 ಮೀಟರಿನ ಲೇಹ್ ತಲುಪುವಷ್ಟರಲ್ಲಿ ಅಮ್ಮ ಟೀ ಕೇಳಿದರು. ಪ್ಯಾಂಗಾಂಗ್ ನೋಡಲಿಲ್ಲ, ಬೇಜಾರೂ ಇಲ್ಲ. ತುಂಬಾ ಥ್ಯಾಂಕ್ಸ್ ಅಕ್ಕ. ಅಂದಹಾಗೆ, ಅಮ್ಮನಿಗೆ ಹಾಕಿದ ನಿಮ್ಮ ಉಣ್ಣೆ ಟೋಪಿ ಇನ್ನೂ ನಮ್ಮ ಮನೆಯಲ್ಲೇ ಇದೆ.