ಬಾಗಿಲಾಚೆಯ ಲೋಕವೂ ಇಷ್ಟೇ ಗಟ್ಟಿಯೇ?

ಮಾನ್ಯ ಸಂಪಾದಕರೇ,

ನಿಮ್ಮ ಭಾನುವಾರದ ಪುರವಣಿಯಲ್ಲಿ ಈಚೆಗೆ ಬಹುಲೋಕದ ಕಥೆಗಳು ಜಾಸ್ತಿ ಬರುತ್ತಿವೆ. ಖುಷಿಯ ವಿಷಯವೇ. ಆದರೆ ಎಲ್ಲ ಕಥೆಯಲ್ಲೂ ಅದೇ ಬಾಗಿಲು. ತೆಗೆದರೆ ಆಚೆ ಇನ್ನೊಬ್ಬ ನಾಯಕ. ಇವನು ಸಾಲಗಾರ, ಅವನು ಸಿರಿವಂತ. ಲೋಕ ಬದಲಾಯಿತು ಅಂತ ನಂಬಿಸಲು ಆಕಾಶಕ್ಕೆ ನೇರಳೆ ಬಣ್ಣ ಬಳಿದಿರುತ್ತಾರೆ. ಎರಡು ಲೋಕವೂ ಒಂದೇ ಸಮ ಗಟ್ಟಿ. ಹಾಗಿದ್ದಮೇಲೆ ಇದು ಬೇರೆ ಊರಿಗೆ ಹೋಗಿಬಂದ ಕಥೆಯೇ ಅಲ್ವಾ?

ನಾನು ಭೌತಶಾಸ್ತ್ರ ಪಾಠ ಹೇಳಿ ನಿವೃತ್ತಳಾದವಳು. ಈಗ ಮೊಮ್ಮಗಳ ಜೊತೆ ಕೂತು ಒಂದು ನೋಟ್‌ಬುಕ್ಕಿನಲ್ಲಿ ಇಲ್ಲದ ಲೋಕಗಳನ್ನು ಕಟ್ಟುತ್ತಿದ್ದೇನೆ. ಹಾಗಾಗಿ ಈ ತಕರಾರು.

ಕಥೆಗಾರರಲ್ಲಿ ಕೆಲವರು ಭೌತವಿಜ್ಞಾನಿ ಹ್ಯೂ ಎವರೆಟ್ ಹೆಸರನ್ನು ಎಳೆದು ತರುತ್ತಾರೆ. 1957ರಲ್ಲಿ ಎವರೆಟ್ ಮಂಡಿಸಿದ ವಾದ ಇದು: ಒಂದು ಕಣವನ್ನು ಅಳೆದಾಗ ಒಂದು ಫಲಿತಾಂಶ ಉಳಿದು ಮಿಕ್ಕವು ಮಾಯವಾಗುವುದಿಲ್ಲ, ಎಲ್ಲವೂ ತಂತಮ್ಮ ಕವಲಿನಲ್ಲಿ ಮುಂದುವರಿಯುತ್ತವೆ. ಸರಿ. ಆದರೆ ಒಂದು ಕವಲಿನಿಂದ ಇನ್ನೊಂದಕ್ಕೆ ನಡೆದುಹೋಗುವ ದಾರಿ ಆ ವಾದದಲ್ಲಿಲ್ಲ. ತತ್ತ್ವಜ್ಞಾನಿ ಡೇವಿಡ್ ಲೂಯಿಸ್ ಇನ್ನೂ ಧಾರಾಳಿ. ಸಾಧ್ಯವಿರುವ ಪ್ರತಿಯೊಂದು ಲೋಕವೂ ನಮ್ಮದರಷ್ಟೇ ನಿಜ ಎಂದು 1986ರಲ್ಲಿ ಇಡೀ ಪುಸ್ತಕವನ್ನೇ ಬರೆದರು. ಅವರ ಲೋಕಗಳ ನಡುವೆಯೂ ಜಾಗದ ನಂಟಿಲ್ಲ, ಕಾಲದ ನಂಟಿಲ್ಲ. ಎಲ್ಲ ಲೋಕವೂ ಸಮಾನ ನಿಜ ಎಂದ ಇವರಿಬ್ಬರೂ ಬಾಗಿಲು ಇಡಲಿಲ್ಲ. ನಮ್ಮ ಕಥೆಗಾರರಿಗೆ ಎರಡೂ ಬೇಕು!

ಬಾಗಿಲು ಬೇಕೇ ಬೇಕು ಅಂದರೆ ಶಂಕರರ ಕಡೆ ಹೋಗುವುದು ಲಾಭ. ಅದ್ವೈತದಲ್ಲಿ ಇರುವಿಕೆಗೇ ಮೆಟ್ಟಿಲುಗಳಿವೆ: ಪ್ರಾತಿಭಾಸಿಕ (ಬರೀ ತೋರಿಕೆ), ವ್ಯಾವಹಾರಿಕ (ದಿನನಿತ್ಯದ ನಿಜ), ಪಾರಮಾರ್ಥಿಕ (ಕಟ್ಟಕಡೆಯ ನಿಜ). ಹಗ್ಗದಲ್ಲಿ ಕಂಡ ಹಾವು ಮೊದಲನೆಯದು. ಹಗ್ಗ ಎರಡನೆಯದು. ಮೇಲಿನದು ತಿಳಿದ ಕೂಡಲೇ ಕೆಳಗಿನದು ಸುಳ್ಳಾಗುತ್ತದೆ. ನನಗೆ ತುಂಬ ಹಿಡಿಸಿದ್ದು ಬೇರೆಯೇ ಒಂದು ಮಾತು. ಬ್ರಹ್ಮಸೂತ್ರ ಭಾಷ್ಯದಲ್ಲಿ ಶಂಕರರು ಕಚ್ಚದೇ ಇದ್ದ ಹಾವಿನ ವಿಷದ ಶಂಕೆಯಿಂದಲೂ ಸಾವು ಬರುತ್ತದೆ ಎನ್ನುತ್ತಾರೆ. ಹಾವು ಸುಳ್ಳು, ಸಾವು ನಿಜ. ಅಂದರೆ ಕೆಳಗಿನ ಲೋಕದಿಂದ ವಸ್ತು ಮೇಲೆ ಬರಲಾರದು, ಅದರ ಪರಿಣಾಮ ಬರಬಲ್ಲದು. ಕಥೆ ಬರೆಯುವವರಿಗೆ ಇದಕ್ಕಿಂತ ಒಳ್ಳೆಯ ಗಡಿ ಕಾನೂನು ಎಲ್ಲಿ ಸಿಕ್ಕೀತು?

ಈ ಎಳೆ ಹಿಡಿದು ನಾವಿಬ್ಬರೂ ನಮ್ಮ ನೋಟ್‌ಬುಕ್ಕಿನಲ್ಲಿ ಲೋಕಗಳಿಗೆ ಸ್ಥಿತಿಗಳನ್ನು ಕೊಟ್ಟಿದ್ದೇವೆ. ನಿಂತ ಲೋಕ ನಮ್ಮದರ ಹಾಗೆ. ಆದದ್ದು ಆಯಿತು, ಮತ್ತೆ ಬದಲಾಗದು. ಅಳಿದ ಲೋಕದಲ್ಲಿ ಯಾರೂ ಆರಿಸದೆ ಬಿಟ್ಟ ಸಾಧ್ಯತೆಗಳಿವೆ. ಅಲ್ಲಿ ನಾಳೆ ಇಲ್ಲ, ಒಂದೇ ಗಳಿಗೆ ಸುತ್ತುತ್ತಿರುತ್ತದೆ. ಅದರ ಬಗ್ಗೆ ಹೇಳಲು ಜಾಸ್ತಿ ಏನೂ ಇಲ್ಲ.

ಇವೆರಡರ ನಡುವೆ ತೂಗುವ ಲೋಕ ಇದೆ. ಅಲ್ಲಿ ಯಾವ ಪ್ರಶ್ನೆಗೂ ಒಂದೇ ಉತ್ತರ ಇರುವುದಿಲ್ಲ. ಒಬ್ಬ ಹೆಂಗಸಿದ್ದಾಳೆ ಅನ್ನಿ. ಅವಳ ತಮ್ಮ ಹೊಳೆಯಲ್ಲಿ ಮುಳುಗಿ ಹೋಗಿದ್ದಾನೆ. ಈಜಿ ದಡಕ್ಕೂ ಬಂದಿದ್ದಾನೆ. ಎರಡೂ ಹೌದು. ಅವಳು ಅಳುತ್ತಾಳೆ, ಅವನ ಜೊತೆ ಜಗಳವನ್ನೂ ಆಡುತ್ತಾಳೆ. ಅವಳು ನಿಂತ ಲೋಕಕ್ಕೆ ಕಾಲಿಟ್ಟ ಕ್ಷಣ ಎರಡರಲ್ಲಿ ಒಂದು ಉಳಿಯುತ್ತದೆ. ಯಾವುದು ಅಂತ ಆರಿಸುವ ಹಕ್ಕು ಅವಳಿಗಿಲ್ಲ. ಹಾಗಾದರೆ ಅವಳು ಯಾಕೆ ದಾಟಬೇಕು? ತೂಗುವ ಲೋಕದಲ್ಲಿ ಯಾರೂ ಮಾತು ಉಳಿಸಿಕೊಳ್ಳಲಾರರು. ಕೊಟ್ಟ ಮಾತು ಅಲ್ಲಿ ನಡೆದಿರುತ್ತದೆ, ತಪ್ಪಿಯೂ ಇರುತ್ತದೆ. ಅವಳಿಗೆ ಅದು ಸಾಕಾಗಿದೆ. ಇಲ್ಲಿಂದ ಕಥೆ ಶುರುವಾಗುತ್ತದೆ.

ಮೊಮ್ಮಗಳು ಒಂದು ಪ್ರಶ್ನೆ ಹಾಕಿದಳು. “ಅಜ್ಜಿ, ಆ ತಮ್ಮನನ್ನ ಅಲ್ಲಿಯವರೇ ಹೋಗಿ ನೋಡಿದರೆ? ನಿಂತುಬಿಡೋದಿಲ್ವಾ?” ನಿಲ್ಲುವುದಿಲ್ಲ ಎಂದೆ. ನೋಡುವವರೂ ತೂಗುವವರೇ, ಅವರು ಎರಡನ್ನೂ ನೋಡುತ್ತಾರೆ. ನಿಂತ ಲೋಕದವರು ಹೋಗಿ ನೋಡಿದರೆ ಮಾತ್ರ ಕಷ್ಟ. ನಮ್ಮವನೊಬ್ಬ ಸುಮ್ನೆ ಕುತೂಹಲಕ್ಕೆ ಅಲ್ಲಿಗೆ ಹೋಗಿ ಹೊಳೆ ದಂಡೆಯಲ್ಲಿ ತಲೆ ಎತ್ತಿದರೆ ಸಾಕು, ಆ ತಮ್ಮ ಸತ್ತೇ ಹೋಗಬಹುದು. ಕೆಟ್ಟದ್ದು ಮಾಡಬೇಕೆಂದು ಹೋಗಬೇಕಿಲ್ಲ. ಮೊಮ್ಮಗಳು ಈ ನಿಯಮವನ್ನು ಕೆಂಪು ಶಾಯಿಯಲ್ಲಿ ಬರೆದಿದ್ದಾಳೆ.

ಇದೆಲ್ಲ ಹೊಸದೇನಲ್ಲ. ತ್ರಿಶಂಕುವಿಗಾಗಿ ವಿಶ್ವಾಮಿತ್ರ ದಕ್ಷಿಣ ದಿಕ್ಕಿನಲ್ಲಿ ಬೇರೆ ನಕ್ಷತ್ರಗಳನ್ನೇ ಹುಟ್ಟಿಸಿದ. ದೇವತೆಗಳು ಹೆದರಿ ರಾಜಿಗೆ ಬಂದರು. ನಕ್ಷತ್ರಗಳು ಇರಲಿ, ಆದರೆ ವೈಶ್ವಾನರ ಪಥದ, ಅಂದರೆ ಆಕಾಶದಲ್ಲಿ ನಕ್ಷತ್ರಗಳು ಸಾಗುವ ಮಾಮೂಲಿ ದಾರಿಯ, ಹೊರಗಿರಲಿ ಎಂದರು. ವಾಲ್ಮೀಕಿ ರಾಮಾಯಣದ ಬಾಲಕಾಂಡದಲ್ಲಿ ಹೀಗಿದೆ. ನಾವು ಮಾತ್ರ ಮಧ್ಯೆ ಸಿಕ್ಕಿಬಿದ್ದವರನ್ನು ಗೇಲಿ ಮಾಡಲಷ್ಟೇ ತ್ರಿಶಂಕುವನ್ನು ನೆನೆಯುತ್ತೇವೆ. ನನಗಂತೂ ಆ ರಾಜಿ ಒಪ್ಪಂದವೇ ಸ್ವಾರಸ್ಯ. ಒಂದು ಲೋಕ ಇದೆ, ಆದರೆ ಲೆಕ್ಕಕ್ಕೆ ಹೊರಗಿದೆ. ಇದೂ ಇರುವಿಕೆಯ ಒಂದು ಸ್ಥಿತಿಯೇ.

ಕಥೆಗಳನ್ನು ಆರಿಸುವಾಗ ಬರೆದವರಿಗೆ ಒಂದು ಪ್ರಶ್ನೆ ಕೇಳಿ, ಸಂಪಾದಕರೇ: ನಿಮ್ಮ ಬಾಗಿಲಲ್ಲಿ ಏನನ್ನು ಒಯ್ಯಲು ಆಗುವುದಿಲ್ಲ? ಉತ್ತರ ಇಲ್ಲದಿದ್ದರೆ ಕಥೆ ವಾಪಸ್ ಕಳಿಸಿ. ಹಾಗೆಯೇ ಆಕಾಶ ನೇರಳೆ ಇದ್ದರೆ ಇನ್ನೊಮ್ಮೆ ಓದಿ ನೋಡಿ.

ಇತಿ,
ನಿಮ್ಮ ಪತ್ರಿಕೆಯ ಹಳೆಯ ಓದುಗಿ