ಪುಟ್ಟಿಗೆ, ನಿನ್ನ ಲೋಕದ ಸೆಳೆತದ ಬಗ್ಗೆ

ಪ್ರೀತಿಯ ಪುಟ್ಟಿ,

ನೀನು ಕಳಿಸಿದ ನಾಲ್ಕು ಅಧ್ಯಾಯಗಳನ್ನು ಎರಡು ಸಲ ಓದಿದೆ. ಮೊದಲ ಸಲ ಕತೆಗೋಸ್ಕರ, ಎರಡನೇ ಸಲ ಪೆನ್ಸಿಲ್ ಹಿಡಿದುಕೊಂಡು. ಕಾಲೇಜಿನಲ್ಲಿ ಯಾರೋ "ಇದು ತಪ್ಪು ಫಿಸಿಕ್ಸ್" ಅಂದರಂತೆ, ಅವತ್ತಿನಿಂದ ನೀನು ಬರೆಯೋದನ್ನೇ ನಿಲ್ಲಿಸಿದ್ದೀಯಂತೆ, ನಿಮ್ಮಪ್ಪ ಫೋನಿನಲ್ಲಿ ಹೇಳಿದ. ಮೂವತ್ತು ವರ್ಷ ಹೈಸ್ಕೂಲ್ ಮಕ್ಕಳಿಗೆ ವಿಜ್ಞಾನ ಹೇಳಿಕೊಟ್ಟವಳು ಹೇಳ್ತಿದ್ದೀನಿ, ನಿಲ್ಲಿಸಬೇಡ.

ನಿನ್ನ ಲೋಕದಲ್ಲಿ ಯಾವುದೂ ಕೆಳಕ್ಕೆ ಬೀಳುವುದಿಲ್ಲ, ತಾನು ಹುಟ್ಟಿದ ಜಾಗದ ಕಡೆಗೆ ಬೀಳುತ್ತದೆ. ದೂರ ಹೋದಷ್ಟೂ ಸೆಳೆತ ಜಾಸ್ತಿ. ಇದನ್ನು ಓದಿದಾಗ ನನಗೆ ಗಂಟಲು ಕಟ್ಟಿತು ಪುಟ್ಟಿ. ತಿ. ನರಸೀಪುರದಲ್ಲಿ ಹುಟ್ಟಿ ಮಂಡ್ಯಕ್ಕೆ ಸೊಸೆಯಾಗಿ ಬಂದವಳು ನಾನು, ನಿಮ್ಮ ಮನೆಯೇ ನನ್ನ ತವರು. ನಿನ್ನ ಲೋಕದಲ್ಲಿ ನಾನು ಒಲೆ ಮುಂದೆ ನಿಂತರೂ ದಕ್ಷಿಣಕ್ಕೆ ವಾಲಿಕೊಂಡೇ ನಿಲ್ಲಬೇಕು. ಪೇಟೆಗೆ ಹೋಗುವಾಗ ಇಳಿಜಾರು, ಬರುವಾಗ ಏರು.

ತಪ್ಪು ಅಂದವರು ನಮ್ಮ ಲೋಕದ ಲೆಕ್ಕದಲ್ಲಿ ಸರಿಯೇ. ಆದರೆ ಇದು ಹುಚ್ಚು ಯೋಚನೆ ಅಲ್ಲ. ಪ್ರತಿ ವಸ್ತುವಿಗೂ ಅದರದೇ ಜಾಗ ಇದೆ, ಕಲ್ಲು ಲೋಕದ ನಡುವಿಗೆ ಹೋಗಲು ನೋಡುತ್ತದೆ, ಬೆಂಕಿ ಮೇಲಕ್ಕೆ ಹೋಗಲು ನೋಡುತ್ತದೆ ಅಂತ ಅರಿಸ್ಟಾಟಲ್ ಹೇಳಿದ್ದ. ಹತ್ತಿರ ಹತ್ತಿರ ಎರಡು ಸಾವಿರ ವರ್ಷ ಓದಿದವರಲ್ಲಿ ಬಹಳ ಮಂದಿ ಅದನ್ನೇ ನಂಬಿದ್ದರು. 1687ರಲ್ಲಿ ಪುಸ್ತಕ ತಂದ ನ್ಯೂಟನ್ ಗೆದ್ದದ್ದು ಹೇಗೆ ಗೊತ್ತಾ? ಹಿತ್ತಲಿನ ಮರದಿಂದ ಹಣ್ಣು ಬೀಳುವುದಕ್ಕೆ ಯಾವ ನಿಯಮವೋ ಅದನ್ನೇ ಚಂದ್ರನವರೆಗೂ ಒಯ್ದ. ಭೂಮಿಯ ನಡುವಿನಿಂದ ನೆಲಕ್ಕೆ ಎಷ್ಟು ದೂರವೋ, ಚಂದ್ರ ಅದರ ಸುಮಾರು 60 ಪಟ್ಟು ದೂರದಲ್ಲಿದೆ. ದೂರ ಎರಡು ಪಟ್ಟಾದರೆ ಸೆಳೆತ ನಾಲ್ಕರಲ್ಲಿ ಒಂದು ಪಾಲು, ಮೂರು ಪಟ್ಟಾದರೆ ಒಂಬತ್ತರಲ್ಲಿ ಒಂದು ಪಾಲು ಅನ್ನೋದು ಅವನ ನಿಯಮ. ಹಾಗಾದರೆ ಸೆಳೆತ ಅಲ್ಲಿ 60ರ ವರ್ಗ, ಅಂದರೆ 3600ರಲ್ಲಿ ಒಂದು ಪಾಲು ಇರಬೇಕು. ಲೆಕ್ಕ ಹಾಕಿದರೆ ಚಂದ್ರ ತಿರುಗುತ್ತಿದ್ದದ್ದು ಅದೇ ರೀತಿ. ಎಲ್ಲೂ ರಿಯಾಯಿತಿ ಕೇಳಲಿಲ್ಲ. ನೀನೂ ಕೇಳಬೇಡ.

ಮೊದಲು ನೀರು ತಗೋ. ನೀರು ಹುಟ್ಟುವುದೆಲ್ಲಿ? ಮಳೆ ಬಿದ್ದ ಜಾಗದಲ್ಲಿ ಅಂದರೆ ಅದು ಅಲ್ಲೇ ಇರುತ್ತದೆ, ನದಿಯೇ ಇಲ್ಲ. ಸಮುದ್ರದಲ್ಲಿ ಅಂದರೆ ನದಿ ಸಮುದ್ರಕ್ಕೆ ವಾಪಸ್ ಓಡುತ್ತದೆ, ಚೆನ್ನಾಗಿದೆ. ಆದರೆ ಕೊಡಗಿಗೆ ಮುಂಗಾರಿನ ಮೋಡ ಬರುವುದು ಅರಬ್ಬೀ ಸಮುದ್ರದಿಂದ. ನಿನ್ನ ಲೋಕದಲ್ಲಿ ಕಾವೇರಿ ಅಂಥ ನದಿಯೊಂದು ಇದ್ದರೆ ಅದು ತಲಕಾವೇರಿಯಿಂದ ಪಶ್ಚಿಮಕ್ಕೆ ತಿರುಗಿ ಮಂಗಳೂರಿನ ಕಡೆ ಇಳಿದುಬಿಡುತ್ತದೆ, ನಮ್ಮ ಕಡೆ ಕಬ್ಬಿಲ್ಲ, ಭತ್ತವಿಲ್ಲ, ಆಲೆಮನೆಯ ಹೊಗೆಯಿಲ್ಲ. ಇದನ್ನು ನೀನು ಬರೆದೇ ಇಲ್ಲ, ಒಂದು ಊರು ಯಾಕೆ ಬರಡಾಯಿತು ಅನ್ನೋದಕ್ಕೆ ಕಾರಣ ಅಲ್ಲೇ ಬಿದ್ದಿದೆ.

ಆಮೇಲೆ ಕಟ್ಟೆ. ಮೂರನೇ ಅಧ್ಯಾಯದಲ್ಲಿ ದೊಡ್ಡ ಅಣೆಕಟ್ಟೆ ತಂದಿದ್ದೀಯ. 1911ರಲ್ಲಿ ಶುರುವಾಗಿ 1932ರ ಹೊತ್ತಿಗೆ ಮುಗಿದ ನಮ್ಮ ಕನ್ನಂಬಾಡಿ ಕಟ್ಟೆ ಕಲ್ಲು ಮತ್ತು ಸುರ್ಕಿ ಗಾರೆಯದ್ದು, ಅಂದರೆ ಸುಣ್ಣಕ್ಕೆ ಇಟ್ಟಿಗೆ ಪುಡಿ ಬೆರೆಸಿದ ಗಾರೆ. ಅಷ್ಟು ನೀರನ್ನು ಅದು ತಡೆಯುವುದು ತನ್ನ ಸ್ವಂತ ಭಾರದಿಂದ, ಭಾರ ನೆಲಕ್ಕೆ ಒತ್ತುವುದರಿಂದ. ನಿನ್ನ ಲೋಕದಲ್ಲಿ ಒಂದೊಂದು ಕಲ್ಲೂ ತನ್ನ ಬೆಟ್ಟದ ಕಡೆ ಎಳೆಯುತ್ತದೆ. ಹತ್ತು ಕಡೆಯಿಂದ ಕಲ್ಲು ತಂದು ಕಟ್ಟಿದ ಗೋಡೆ ಬಿರುಕು ಬಿಡದೆ ಇರುತ್ತಾ? ಅಲ್ಲಿನ ಗಾರೆ ಕೆಲಸದವರು ಮೊದಲು ಕೇಳುವ ಪ್ರಶ್ನೆಯೇ "ಕಲ್ಲು ಯಾವ ಗುಡ್ಡದ್ದು?" ಅಂತ ಆಗಿರುತ್ತದೆ.

ನನಗೆ ತುಂಬ ಹಿಡಿಸಿದ್ದು ಬೇರೆಯೇ. ದೂರ ಹೋದಷ್ಟೂ ಸೆಳೆತ ಜಾಸ್ತಿ ಅಂದಮೇಲೆ ಹುಟ್ಟಿದ ಜಾಗದಲ್ಲಿ ಸೆಳೆತ ಸೊನ್ನೆ. ಅಂದರೆ ತವರಿನಲ್ಲಿ ಯಾರಿಗೂ ತೂಕವಿಲ್ಲ! ಹಸುಗೂಸು ತೇಲಿ ಹೋಗದ ಹಾಗೆ ತೊಟ್ಟಿಲಿಗೆ ಮುಚ್ಚಳ ಬೇಕು, ಬಾಣಂತಿ ಕೋಣೆಯ ಸೂರಿಗೆ ಹಾಸಿಗೆ ಕಟ್ಟಿರಬೇಕು. ಇನ್ನೊಂದು. ದೂರ ಎರಡು ಪಟ್ಟಾದರೆ ಸೆಳೆತವೂ ಸರಿಯಾಗಿ ಎರಡು ಪಟ್ಟು ಅಂತ ಇಟ್ಟುಕೋ, ಸ್ಪ್ರಿಂಗ್ ಎಳೆದ ಹಾಗೆ. ಆಗ ದಾರಿಯಲ್ಲಿ ಏನೂ ತಡೆ ಇಲ್ಲದಿದ್ದರೆ ಮಂಡ್ಯದಿಂದ ಹೊರಟವಳೂ ಕಾಶಿಯಿಂದ ಹೊರಟವಳೂ ಒಂದೇ ಹೊತ್ತಿಗೆ ಕೈಬಿಟ್ಟರೆ ತವರಿನ ಬಾಗಿಲಿಗೆ ಒಂದೇ ಹೊತ್ತಿಗೆ ಬರುತ್ತಾರೆ. ದೂರದವಳಿಗೆ ವೇಗ ಜಾಸ್ತಿ, ಅಷ್ಟೇ. ಇದು ಲೆಕ್ಕದಲ್ಲಿ ನಿಜ, ನೀನೇ ಹಾಕಿ ನೋಡು. ಅಕ್ಕತಂಗಿಯರು ಹಬ್ಬಕ್ಕೆ ಬರುವ ಒಂದು ಅಧ್ಯಾಯ ಇದರಲ್ಲೇ ಇದೆ.

ಈಗ ನನಗೆ ಬೇಜಾರಾದ ಜಾಗ. ನಾಲ್ಕನೇ ಅಧ್ಯಾಯದಲ್ಲಿ ಹುಡುಗಿ ತುಂಬಿದ ಹೊಳೆ ದಾಟಬೇಕು, ದಾರಿ ಕಾಣಲಿಲ್ಲ, "ಆ ದಿನ ಮಾತ್ರ ಸೆಳೆತ ಸಡಿಲವಾಯಿತು" ಅಂತ ಬರೆದುಬಿಟ್ಟಿದ್ದೀಯ. ಆ ಸಾಲು ಹೊಡೆದು ಹಾಕು. ಅಲ್ಲಿಯವರೆಗೆ ನಾನು ನಿನ್ನ ನಿಯಮ ನಂಬಿ ಅವಳ ಜೊತೆ ಉಸಿರು ಬಿಗಿಹಿಡಿದಿದ್ದೆ.

ಅವಳು ಈ ದಡದಲ್ಲಿ ಹುಟ್ಟಿದವಳು ಅಲ್ವಾ? ಆಚೆ ದಡದಲ್ಲಿ ಹುಟ್ಟಿದ ಒಂದು ಕರು ಕೊಡು ಅವಳಿಗೆ. ಕರುವನ್ನು ಹರಿಗೋಲಿಗೆ ಕಟ್ಟಿಕೊಂಡು ಕೈ ಬಿಟ್ಟರೆ ಅದು ಅವಳನ್ನು ಆಚೆಗೆ ಎಳೆಯುತ್ತದೆ. ನಡು ಹೊಳೆ ದಾಟಿದ ಮೇಲೆ ಅವಳ ದಡ ಹಿಂದಕ್ಕೆ ಎಳೆಯೋದು ಜಾಸ್ತಿ. ಇಬ್ಬರದೂ ಒಂದೇ ತೂಕವಾದರೆ ಓಟದ ಭರದಲ್ಲಿ ಆಚೆ ದಡ ಮುಟ್ಟಿ, ಅಲ್ಲಿ ಬೇರು ಬಳ್ಳಿ ಸಿಗದಿದ್ದರೆ ಜೋಕಾಲಿಯ ಹಾಗೆ ವಾಪಸ್. ನೀರಿನ ತಡೆ ಬೇರೆ ಇದೆಯಲ್ಲ, ಅದನ್ನೂ ಸೇರಿಸಿದರೆ ದಡ ಮುಟ್ಟುವುದೇ ಇಲ್ಲ. ಎಮ್ಮೆಯೇ ಬೇಕಾಗಬಹುದು. ಎಮ್ಮೆ ಎಷ್ಟು ತೂಕದ್ದಿರಬೇಕು ಅಂತ ಲೆಕ್ಕ ಹಾಕಿ, ಆ ಅಧ್ಯಾಯ ಮತ್ತೆ ಬರೆದು ಕಳಿಸು. ಟೈಪ್ ಮಾಡದಿದ್ದರೂ ಪರವಾಗಿಲ್ಲ, ಕೈಬರಹದ ಫೋಟೋ ಸಾಕು.

ನಿನ್ನ ಅತ್ತೆ